ಅಳತೆ ಕಡ್ಡಿಯ ಮೊದಲ ಗೀರು

ನಮ್ಮ ಕಾರಿನ ಟ್ಯಾಂಕು ಎಂಟು ಗ್ಯಾಲನ್ ಪೆಟ್ರೋಲು ಹಿಡಿಯುತ್ತಿತ್ತು. ಗ್ಯಾಲನ್ನಿಗೆ ಇಪ್ಪತ್ತು ಮೈಲಿ ಓಡುತ್ತಿತ್ತು. ಈ ಎರಡು ಸಂಗತಿಗಳನ್ನು ನಮ್ಮ ತಂದೆ ಮನೆಗೆ ಬಂದವರಿಗೆಲ್ಲ ಹೇಳುತ್ತಿದ್ದರು. ಮುಳಬಾಗಿಲಿನಲ್ಲಿ ಆಗ ಸ್ವಂತ ಕಾರಿದ್ದ ಮನೆಗಳು ಬೆರಳೆಣಿಕೆಯಷ್ಟು. ಅಪ್ಪ ವಕೀಲರು. ಕೋಲಾರದ ಕೋರ್ಟಿಗೆ ವಾರಕ್ಕೆ ಮೂರು ದಿನ ಹೋಗಿಬರಬೇಕಿತ್ತು. ಮೂವತ್ತೇಳರಲ್ಲಿ ಬೆಂಗಳೂರಿನಿಂದ ಯಾರೋ ಓಡಿಸಿ ಬಿಟ್ಟ ಕಾರನ್ನು ಕೊಂಡು ತಂದರು. ಪೆಟ್ರೋಲು ಎಷ್ಟಿದೆ ಎಂದು ತೋರಿಸಬೇಕಾದ ಮುಳ್ಳು ಕೊಂಡ ದಿನವೇ ಸತ್ತಿತ್ತು.

ಅದಕ್ಕೆ ಉಪಾಯ ಮಾಡಿದವನು ನನ್ನ ತಮ್ಮ. ಆಗ ಅವನಿಗೆ ಹದಿನಾರು. ಟ್ಯಾಂಕನ್ನು ಪೂರ್ತಿ ಬರಿದು ಮಾಡಿ, ಒಂದೊಂದೇ ಗ್ಯಾಲನ್ ಸುರಿದು, ಸುರಿದಾಗಲೆಲ್ಲ ಹಿಂಬದಿಯ ಮುಚ್ಚಳದಿಂದ ಬಿದಿರು ಕಡ್ಡಿ ಇಳಿಸಿ, ಒದ್ದೆಯಾದಷ್ಟಕ್ಕೆ ಚಾಕುವಿನಿಂದ ಗೀರು ಹಾಕಿದ. ಅಪ್ಪ ಪಕ್ಕದಲ್ಲಿ ಕುರ್ಚಿ ಹಾಕಿಕೊಂಡು ಕೂತು, ಪ್ರತಿ ಗೀರಿನ ಪಕ್ಕ ಕಾದ ಮೊಳೆಯಿಂದ ಊರಿನ ಹೆಸರು ಸುಟ್ಟು ಬರೆದರು. ಮೊದಲ ಗೀರು ಕೋಲಾರ, ಹದಿನೆಂಟು ಮೈಲಿ. ಎರಡನೆಯದು ಮಾಲೂರು. ಶ್ರೀನಿವಾಸಪುರಕ್ಕೆ ಹೋಗಿ ಬರುವುದಕ್ಕೂ ಅದೇ ಗೀರು. ನಾಲ್ಕನೆಯದು ಬೆಂಗಳೂರು. ನಮ್ಮ ಮನೆಯಲ್ಲಿ ಪೆಟ್ರೋಲನ್ನು ಗ್ಯಾಲನ್ನಿನಲ್ಲಿ ಯಾರೂ ಹೇಳುತ್ತಿರಲಿಲ್ಲ. "ಎಷ್ಟಿದೆಯೋ?" ಎಂದರೆ "ಮಾಲೂರಿದೆ" ಎನ್ನುತ್ತಿದ್ದೆವು.

ಅಳೆಯುವುದಕ್ಕೆ ಅಪ್ಪನ ಕಟ್ಟಳೆಗಳಿದ್ದವು. ಬೆಳಿಗ್ಗೆ, ಕಾರು ತಣ್ಣಗಿರುವಾಗ, ಮನೆ ಮುಂದೆ ನಿಂತ ಜಾಗದಲ್ಲೇ ಅಳೆಯಬೇಕು. ದಾರಿಯಲ್ಲಿ ಅಳೆಯಬಾರದು, ಪೆಟ್ರೋಲು ಕುಲುಕಾಡುತ್ತಿರುತ್ತದೆ. ಮೊದಲ ಗೀರಿನ ಕೆಳಗೆ ಎಂದೂ ಇಳಿಯಗೊಡಬಾರದು. ಐದಾರು ವರ್ಷ ನಾವು ಇದನ್ನು ಮೀರಲಿಲ್ಲ.

ನಮ್ಮ ಬೀದಿ ಇಳಿಜಾರಿನದು. ಮಳೆ ಬಂದರೆ ಮೇಲಿನ ಮನೆಗಳ ನೀರೆಲ್ಲ ನಮ್ಮ ಜಗಲಿ ಸವರಿಕೊಂಡು ಹೋಗುತ್ತಿತ್ತು. ಅಪ್ಪ ಕೆಳಗಿನಿಂದ ಏರಿ ಬಂದು, ಹಾಗೇ ಮೂತಿ ಮೇಲಕ್ಕೆ ಇರುವಂತೆ ಕಾರು ನಿಲ್ಲಿಸುತ್ತಿದ್ದರು. ಕಡ್ಡಿಗೆ ಗೀರು ಹಾಕಿದ್ದೂ ಕಾರು ಹಾಗೆ ನಿಂತಿದ್ದಾಗಲೇ. ಈ ವಿವರ ಮುಖ್ಯ ಎಂದು ಆಗ ನಮಗೆ ಯಾರಿಗೂ ಅನ್ನಿಸಲಿಲ್ಲ.

ಯುದ್ಧ ಬಂತು. ಪೆಟ್ರೋಲಿಗೆ ಕೂಪನ್ ಬಂತು. ಬಸ್ಸುಗಳು ಬೆನ್ನಿಗೆ ಇದ್ದಿಲಿನ ಒಲೆ ಕಟ್ಟಿಕೊಂಡು ಓಡತೊಡಗಿದವು. ಬೆಂಗಳೂರಿನ ಒಂದು ಪತ್ರಿಕೆಯಲ್ಲಿ ನಾನು ಉಪಸಂಪಾದಕನಾಗಿ ಸೇರಿದ್ದೆ. ತಮ್ಮ ಕಾಲೇಜು ಬಿಟ್ಟು, ಅಪ್ಪನಿಗೆ ಹೇಳದೆ ಹೋಗಿ, ಸೈನ್ಯದ ಲಾರಿ ಡ್ರೈವರನಾಗಿ ಹೆಸರು ಬರೆಸಿ ಬಂದ. ಅಪ್ಪ ಎರಡು ದಿನ ಮಾತಾಡಲಿಲ್ಲ. ಮೂರನೆಯ ದಿನ "ಓಡಿಸೋದಾದ್ರೆ ನಿಧಾನಕ್ಕೆ ಓಡಿಸು" ಎಂದರು.

ಅವನು ಹೊರಡುವ ಹೊತ್ತಿಗೆ ಒಂದು ಜಗಳವಾಯಿತು. ಕಾರಿನ ಬ್ಯಾಟರಿ ಸೋತಿತ್ತು, ಹೊಸದು ಎಲ್ಲೂ ಸಿಗುತ್ತಿರಲಿಲ್ಲ. ಮುಂದೆ ಹ್ಯಾಂಡಲ್ ಹಾಕಿ ತಿರುಗಿಸಲು ಅಪ್ಪನ ಭುಜ ಒಪ್ಪುತ್ತಿರಲಿಲ್ಲ. ಇಷ್ಟು ದಿನ ತಿರುಗಿಸುತ್ತಿದ್ದವನು ತಮ್ಮ. ತಾನು ಹೋದ ಮೇಲೆ ಅಪ್ಪನಿಗೆ ಕಷ್ಟವಾಗಬಾರದೆಂದು ಅವನು ಕಾರನ್ನು ಊರಾಚೆ ಕೆರೆ ಏರಿಯವರೆಗೆ ಒಯ್ದು, ತಿರುಗಿಸಿಕೊಂಡು ಬಂದು, ಮೂತಿ ಕೆಳಕ್ಕೆ ಮಾಡಿ ಮನೆ ಮುಂದೆ ನಿಲ್ಲಿಸಿದ. "ಇನ್ಮೇಲೆ ಹೀಗೇ ನಿಲ್ಸಿ ಅಪ್ಪ. ಬ್ರೇಕ್ ಬಿಟ್ರೆ ಉರುಳತ್ತೆ, ಗೇರ್ ಹಾಕಿದ್ರೆ ಸ್ಟಾರ್ಟ್ ಆಗತ್ತೆ" ಎಂದ.

ಮರುದಿನ ಬೆಳಿಗ್ಗೆ ಅಪ್ಪ ಕಡ್ಡಿ ಇಳಿಸಿದರು. ಹಿಂದಿನ ದಿನಕ್ಕಿಂತ ಒಂದೂವರೆ ಗ್ಯಾಲನ್ ಕಡಿಮೆ.

"ಎಲ್ಲಿಗೆ ಹೋಗಿದ್ಯೋ?"

"ಕೆರೆ ಏರಿ ತನಕ."

"ಒಂದೂವರೆ ಗ್ಯಾಲನ್ ಕೆರೆ ಏರಿಗೆ ಹಿಡಿಯತ್ತಾ? ಯಾರ್ಯಾರನ್ನ ಕೂರಿಸ್ಕೊಂಡು ಮೆರವಣಿಗೆ ಹೊರಟಿದ್ದೆ? ಇದು ತಿಂಗಳ ಕೂಪನ್ನು, ತಿಳ್ಕೋ."

"ಇಲ್ಲ ಅಪ್ಪ. ಆಣೆಗೂ ಇಲ್ಲ."

ಅಪ್ಪ ಕಡ್ಡಿಯನ್ನು ಅವನ ಮುಖದ ಮುಂದೆ ಹಿಡಿದರು. ಅವನು ನನ್ನ ಕಡೆ ತಿರುಗಿದ. ಬೀಳ್ಕೊಡಲೆಂದು ನಾನು ಊರಿಗೆ ಬಂದಿದ್ದೆ. "ನೀನಾದ್ರೂ ನಂಬ್ತೀಯೇನೋ?" ಎಂದ.

ನಾನು ಹೇಳಿದ್ದು ನನಗೆ ಅಕ್ಷರಶಃ ನೆನಪಿದೆ. "ಕಡ್ಡಿ ಸುಳ್ಳು ಹೇಳತ್ತೇನೋ?"

ಅವನು ನಕ್ಕ. "ನೀನು ಪೇಪರ್‌ನೋನು ಕಣೋ ಅಣ್ಣ. ಬರೆದಿದ್ದೆಲ್ಲ ನಿಜ ನಿಂಗೆ."

ಅಮ್ಮ ಅವನ ಕೈಗೆ ಮೊಸರು ಹಾಕಿ ಕಳಿಸಿದಳು. ಅಪ್ಪನಿಗೆ ನಮಸ್ಕಾರ ಮಾಡಿದ, ಅಪ್ಪ ತಲೆ ಮುಟ್ಟಿದರು.

ಎಂಟು ತಿಂಗಳು ಅವನು ಉತ್ತರದ ಯಾವುದೋ ಶಿಬಿರದಲ್ಲಿದ್ದ. ಕಾಗದಗಳು ಬರುತ್ತಿದ್ದವು, ಊರ ಹೆಸರು ಇರುತ್ತಿರಲಿಲ್ಲ. ರಜಾ ಸಿಗಲಿಲ್ಲ. ಪ್ರತಿ ಕಾಗದದಲ್ಲೂ ಅಪ್ಪನಿಗೆ ನಮಸ್ಕಾರವಿತ್ತು. ಪೆಟ್ರೋಲಿನ ಮಾತಿರಲಿಲ್ಲ. ಅಮ್ಮ ಮಾತ್ರ ಅದನ್ನು ಮರೆತಿರಲಿಲ್ಲ. "ಹೋಗೋ ಮಗೂನ ಕಳ್ಳನ್ನ ಮಾಡಿ ಕಳಿಸಿದ್ರಿ" ಎಂದು ಒಂದೇ ಒಂದು ಸಲ ಅಂದಳು. ಅಪ್ಪ ಎದ್ದು ಹೊರಗೆ ಹೋದರು.

ಮುಂದಿನದಕ್ಕೆ ನನ್ನ ನೋಟುಬುಕ್ಕಿನ ಆಧಾರವಿದೆ. ವೇಳೆ ಬರೆದಿಡುವುದು ನನ್ನ ಕಸುಬು ಕಲಿಸಿದ ಅಭ್ಯಾಸ. ಆ ವಾರ ನಾನು ರಜೆಯ ಮೇಲೆ ಮುಳಬಾಗಿಲಿನಲ್ಲಿದ್ದೆ. ಗುರುವಾರ ಬೆಳಿಗ್ಗೆ ಏಳೂವರೆಗೆ ಕೋಲಾರದಿಂದ ಬಂದ ಮೊದಲ ಬಸ್ಸಿನ ಕಂಡಕ್ಟರ್ ಮಡಿಸಿದ ಚೀಟಿಯೊಂದನ್ನು ತಂದು ಕೊಟ್ಟ. ತಮ್ಮನ ತಂಡದಲ್ಲಿದ್ದ ಮಾಸ್ತಿ ಕಡೆಯ ಸಿಪಾಯಿಯೊಬ್ಬ ಎರಡು ದಿನದ ರಜೆಯಲ್ಲಿ ಊರಿಗೆ ಬಂದವನು, ಅದನ್ನು ಬಸ್ಸಿನಿಂದ ಬಸ್ಸಿಗೆ ಕೊಟ್ಟು ಕಳಿಸಿದ್ದ. ಬುಧವಾರವೇ ತಲುಪಬೇಕಿತ್ತು. ಬಸ್ಸು ದಾರಿಯಲ್ಲಿ ಕೆಟ್ಟು ನಿಂತಿತ್ತಂತೆ.

ಅಕ್ಷರ ತಮ್ಮನದು. "ಗುರುವಾರ ಹತ್ತೂವರೆಗೆ ನಮ್ಮ ಗಾಡಿ ಮಾಲೂರು ಸ್ಟೇಷನ್ನಿನಲ್ಲಿ ಅರ್ಧ ಗಂಟೆ ನಿಲ್ಲುತ್ತದೆ. ಅಲ್ಲಿಂದ ಮದ್ರಾಸು, ಆಮೇಲೆ ಹಡಗು. ಅಮ್ಮನನ್ನು ಕರೆದುಕೊಂಡು ಬನ್ನಿ. ಅಪ್ಪನೂ ಬರಲಿ."

ಕೊನೆಯ ಎರಡು ಪದಗಳನ್ನು ಅಪ್ಪ ಎರಡು ಸಲ ಓದಿದರು. ಆಮೇಲೆ ಹೊರಗೆ ಹೋಗಿ ಕಡ್ಡಿ ಇಳಿಸಿದರು. ಕೋಲಾರದ ಗೀರಿಗಿಂತ ಕೂದಲೆಳೆಯಷ್ಟು ಮೇಲಕ್ಕೆ ಒದ್ದೆಯಾಗಿತ್ತು. "ನೀನು ನೋಡು" ಎಂದು ನನಗೆ ಕೊಟ್ಟರು. ಒರೆಸಿ ಮತ್ತೆ ಇಳಿಸಿದೆ. ಅಷ್ಟೇ. ತಿಂಗಳ ಕೂಪನ್ನು ಮುಗಿದಿತ್ತು.

ಅಮ್ಮ ಆಗಲೇ ರಾಗಿ ಹುರಿಹಿಟ್ಟಿಗೆ ಬೆಲ್ಲ ಕಲೆಸಿ ಡಬ್ಬಿಗೆ ತುಂಬಿ ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ನಿಂತಿದ್ದಳು. ಎಂಟು ಗಂಟೆಗೆ ಬ್ರೇಕು ಬಿಟ್ಟೆವು. ಕಾರು ಉರುಳಿತು, ಸ್ಟಾರ್ಟ್ ಆಯಿತು.

ಒಂಬತ್ತಕ್ಕೆ ಕೋಲಾರ. ಅಪ್ಪ ರಸ್ತೆಯ ಬದಿಗೆ ನಿಲ್ಲಿಸಿದರು.

"ಯಾಕೆ ನಿಲ್ಸಿದ್ರಿ?" ಎಂದಳು ಅಮ್ಮ.

"ಕೋಲಾರ ಮುಗೀತು. ಪೆಟ್ರೋಲ್ ಹುಡುಕ್ಬೇಕು."

"ಓಡ್ತಿದೆಯಲ್ಲ. ಹೋಗೋಣ ನಡೀರಿ. ಎಲ್ಲಿ ನಿಲ್ಲತ್ತೋ ಅಲ್ಲಿಂದ ನಾನು ನಡ್ಕೊಂಡು ಹೋಗ್ತೀನಿ."

"ಎರಡು ಮೈಲಿ ಹೋಗಿ ನಿಂತ್ರೆ? ಹದಿನೈದು ಮೈಲಿ ನಡೀತೀಯೇನೇ? ಗಾಡಿ ನಿನಗೆ ಕಾಯತ್ತಾ?"

ಅಮ್ಮ ನನ್ನ ಕಡೆ ನೋಡಿದಳು. "ಏನೋ, ನೀನೇನು ಹೇಳ್ತೀಯಾ?"

ನಾನು ಅಪ್ಪನ ಮಾತೇ ಸರಿ ಎಂದೆ. ಕಡ್ಡಿಯನ್ನು ನಾನೇ ನೋಡಿದ್ದೆ. ನನ್ನ ಬಳಿ ಬೇರೆ ಸಾಕ್ಷ್ಯವಿರಲಿಲ್ಲ. ಅಮ್ಮನ ಬಳಿ ಇದ್ದದ್ದು ಅವಸರ ಮಾತ್ರ, ಅದನ್ನು ಸಾಕ್ಷ್ಯವೆಂದು ಎಣಿಸುವುದು ನನಗೆ ಗೊತ್ತಿರಲಿಲ್ಲ.

ಬಂಕಿನವನು ಕೂಪನ್ನಿಲ್ಲದೆ ಹನಿಯೂ ಕೊಡಲಾರೆನೆಂದ. ಅಪ್ಪನಿಗೆ ಪರಿಚಯವಿದ್ದ ಡಾಕ್ಟರು ರೋಗಿಯನ್ನು ನೋಡಲು ವೇಮಗಲ್ ಕಡೆ ಹೋಗಿದ್ದರು. ಇನ್ನೊಬ್ಬ ವಕೀಲರ ಕಾರು ತಿಂಗಳಿನಿಂದ ಇಟ್ಟಿಗೆಯ ಮೇಲೆ ನಿಂತಿತ್ತು. ಕೊನೆಗೆ ನಮ್ಮ ಕಾರಿನ ರಿಪೇರಿ ಮಾಡುತ್ತಿದ್ದ ಮೆಕ್ಯಾನಿಕ್ ಸಾಯಿಬರು, ಯಾವುದೋ ಲಾರಿಗೆಂದು ತೆಗೆದಿಟ್ಟಿದ್ದ ಒಂದು ಗ್ಯಾಲನ್ ತಂದು ಸುರಿದರು. "ಹೋಗಿ ವಕೀಲ್ ಸಾಬ್. ಬಚ್ಚೆ ಮುಖ ನೋಡೋಕೆ ಕೂಪನ್ ಏನು" ಎಂದರು. ಆಗ ಹತ್ತೂ ಕಾಲು. ಕಾರಿನಲ್ಲಿ ಅಮ್ಮ ಡಬ್ಬಿಯನ್ನು ಮಡಿಲಲ್ಲಿಟ್ಟುಕೊಂಡು ಕೂತೇ ಇದ್ದಳು.

ಮುಂದಿನ ಹದಿನೇಳು ಮೈಲಿಯನ್ನು ಅಪ್ಪ ಎಂದಿನಂತೆ ಓಡಿಸಿದರು. ಜೋರು ಓಡಿಸಿದರೆ ಹೆಚ್ಚು ಕುಡಿಯುತ್ತದೆ ಎಂದು ನಿಧಾನ, ಇಳಿಜಾರಿನಲ್ಲಿ ಎಂಜಿನ್ ಆರಿಸಿ. ಇಳಿಜಾರು ಬಂದಾಗಲೆಲ್ಲ ಸದ್ದು ನಿಲ್ಲುತ್ತಿತ್ತು, ಗಾಳಿಯೊಂದೇ ಕೇಳುತ್ತಿತ್ತು.

ಹನ್ನೊಂದು ಗಂಟೆ ಹತ್ತು ನಿಮಿಷಕ್ಕೆ ಸ್ಟೇಷನ್ ಮುಟ್ಟಿದೆವು. ಪ್ಲಾಟ್‌ಫಾರಂ ಮೇಲೆ ಒಡೆದ ಮಡಕೆ ಲೋಟಗಳು, ಬಾಳೆಹಣ್ಣಿನ ಸಿಪ್ಪೆ, ಬೀಡಿ ತುಂಡು. ಗುಡಿಸುತ್ತಿದ್ದ ಪೋರ್ಟರ್ ಪೊರಕೆ ನಿಲ್ಲಿಸಿ "ಮಿಲಿಟರಿ ಗಾಡಿನಾ? ಹೋಗಿ ಐದು ನಿಮಿಷ ಆಯ್ತು ಸಾಮಿ" ಎಂದ.

ಅಮ್ಮನ ಮುಖ ನೋಡಿ, ಕೇಳದೆಯೇ ಇನ್ನೊಂದು ಮಾತು ಹೇಳಿದ. ಒಬ್ಬ ಹುಡುಗ ಗಾಡಿ ನಿಂತಷ್ಟು ಹೊತ್ತೂ ಟೀ ಕೂಡ ಕುಡಿಯದೆ ಗೇಟಿನ ಹತ್ತಿರ ಬಂದು ರಸ್ತೆ ನೋಡುತ್ತ ನಿಂತಿದ್ದನಂತೆ. ಸೀಟಿ ಆದ ಮೇಲೆ ಓಡಿ ಹತ್ತಿದನಂತೆ. ಅದು ನನ್ನ ತಮ್ಮನೋ ಬೇರೆ ಯಾರೋ, ಪೋರ್ಟರ್ ಕಂಡದ್ದು ಹೇಳಿದನೋ ಸಮಾಧಾನಕ್ಕೆ ಹೇಳಿದನೋ, ಖಚಿತಪಡಿಸಿಕೊಳ್ಳಲು ನನಗೆ ದಾರಿ ಇರಲಿಲ್ಲ. ಅಮ್ಮ ಅವನನ್ನು ಕೇಳಿದ್ದು ಒಂದೇ: "ಇಳಿದುಹೋಗಿದ್ನಾಪ್ಪ? ಸಣ್ಣಗಾಗಿದ್ನಾ?"

"ಇಲ್ಲಮ್ಮಾ, ಚೆನ್ನಾಗೇ ಇದ್ದ."

ಅವಳು ಹುರಿಹಿಟ್ಟಿನ ಡಬ್ಬಿಯನ್ನು ಅವನಿಗೆ ಕೊಟ್ಟು ಬಂದು ಕಾರಿನಲ್ಲಿ ಕೂತಳು.

ವಾಪಸು ಬರುವಾಗ ಲೆಕ್ಕ ನನ್ನ ತಲೆಯಲ್ಲಿತ್ತು. ಮೊದಲ ಗೀರಿಗೆ ಇಪ್ಪತ್ತು ಮೈಲಿ, ಸಾಯಿಬರ ಗ್ಯಾಲನ್ನಿಗೆ ಇಪ್ಪತ್ತು. ನಲವತ್ತು ಮೈಲಿಗೆ ಕಾರು ನಿಲ್ಲಬೇಕು. ಮಾಲೂರಿನಿಂದ ಐದಾರು ಮೈಲಿ ದಾಟುತ್ತಲೇ ಅದು ನಿಲ್ಲುತ್ತದೆ, ಎತ್ತು ಕಟ್ಟಿ ಎಳೆಸಬೇಕು ಎಂದುಕೊಂಡಿದ್ದೆ. ನಿಲ್ಲಲಿಲ್ಲ. ಕೋಲಾರ ಬಂತು, ನಿಲ್ಲಲಿಲ್ಲ. ಅಪ್ಪ ಒಂದು ಸಲ ನನ್ನ ಕಡೆ ನೋಡಿ ಮತ್ತೆ ರಸ್ತೆ ನೋಡಿದರು. ಕೋಲಾರ ದಾಟಿದ ಮೇಲೆ ನಾನು ಪ್ರತಿ ಮೈಲಿಗಲ್ಲನ್ನೂ ಓದತೊಡಗಿದೆ. ಕಾರು ನಿಲ್ಲಲಿ ಎಂದು ಮನಸ್ಸಿನಲ್ಲೇ ಬೇಡಿಕೊಂಡೆ. ಈಗಲಾದರೂ ನಿಂತರೆ ನಾವು ನಿಲ್ಲಿಸಿದ್ದು ಸರಿಯಾಗುತ್ತದೆ. ಅದು ಸರಾಗವಾಗಿ ಓಡಿತು. ಮುಳಬಾಗಿಲಿನ ನಮ್ಮ ಬೀದಿ ಏರಿ, ತಿರುಗಿ, ಮೂತಿ ಕೆಳಕ್ಕೆ ಮಾಡಿ ನಿಂತಿತು.

ಹದಿನೈದು ದಿನ ಬಿಟ್ಟು ಸಾಯಿಬರು ಎಲ್ಲಿಂದಲೋ ಹಳೆಯ ಬ್ಯಾಟರಿ ಹುಡುಕಿ ತಂದರು. ಅಪ್ಪ ಅಂದಿನ ವಿಷಯ ಹೇಳಿದರು. ಅವರು ಕಾರಿನ ಸುತ್ತ ಒಂದು ಸುತ್ತು ಬಂದು, ಕಡ್ಡಿ ಇಸಿದುಕೊಂಡು ಕೇಳಿದರು.

"ಗೀರು ಹಾಕಿದಾಗ ಗಾಡಿ ಹೀಗೇ ನಿಂತಿತ್ತಾ?"

"ಇಲ್ಲ. ಆಗ ಮೂತಿ ಮೇಲಕ್ಕಿತ್ತು."

"ಹಾಗಾದ್ರೆ ಇನ್ನೇನು ಸಾಬ್. ಮೂತಿ ಮೇಲಿದ್ರೆ ಪೆಟ್ರೋಲ್ ಹಿಂದಕ್ಕೆ ಬಂದು ನಿಲ್ತದೆ. ಕಡ್ಡಿ ಹಾಕೋದೂ ಹಿಂದೇನೇ. ಮೂತಿ ಕೆಳಗಾದ್ರೆ ಎಲ್ಲ ಮುಂದಕ್ಕೆ ಓಡಿ ಹೋಗ್ತದೆ. ಕಡ್ಡಿಗೆ ಏನು ಸಿಗ್ತದೆ?"

ಅಲ್ಲೇ ಅಳೆದೆವು. ಹೊಸ ತಿಂಗಳ ಕೂಪನ್ನಿನ ಪೆಟ್ರೋಲು ಟ್ಯಾಂಕಿನಲ್ಲಿತ್ತು. ಕಡ್ಡಿ ಮಾಲೂರು ಎಂದಿತು. ಕಾರು ತಿರುಗಿಸಿ ಅದೇ ಜಾಗದಲ್ಲಿ ಮೂತಿ ಮೇಲಕ್ಕೆ ಮಾಡಿ ಮತ್ತೆ ಇಳಿಸಿದೆವು. ಒಂದೂವರೆ ಗ್ಯಾಲನ್ ಹೆಚ್ಚು. ಆ ಗುರುವಾರ ಮನೆ ಬಿಟ್ಟಾಗ ಟ್ಯಾಂಕಿನಲ್ಲಿ ಐವತ್ತು ಮೈಲಿಯ ಪೆಟ್ರೋಲಿತ್ತು. ಮಾಲೂರು ಮೂವತ್ತೈದು. ನೇರ ಹೋಗಿದ್ದರೆ ಹತ್ತು ಗಂಟೆಗೆ ಸ್ಟೇಷನ್ನಿನಲ್ಲಿರುತ್ತಿದ್ದೆವು. ಮತ್ತೆ, ತಮ್ಮ ಹೋಗಿದ್ದು ಕೆರೆ ಏರಿಯವರೆಗೆ ಮಾತ್ರ.

ಅಪ್ಪ ಜಗಲಿಯ ಮೇಲೆ ಕೂತರು. ಸಾಯಿಬರಿಗೆ ಕಾಫಿ ತರಲು ಒಳಗೆ ಕೂಗಲಿಲ್ಲ. ಅವರು ಹೋದ ಮೇಲೆ, "ನಿಮ್ಮಮ್ಮನಿಗೆ ಹೇಳ್ಬೇಡ" ಎಂದರು. ನಾನು ಹೇಳಲಿಲ್ಲ. ಅದೇ ರಾತ್ರಿ ಅಪ್ಪ ತಮ್ಮನಿಗೆ ಉದ್ದನೆಯ ಕಾಗದ ಬರೆದರು. ಅದು ಅವನಿಗೆ ಮುಟ್ಟಿತೋ ಇಲ್ಲವೋ ತಿಳಿಯಲಿಲ್ಲ. ಉತ್ತರ ಬರಲಿಲ್ಲ. ಮುಂದಿನ ಬೇಸಿಗೆಯಲ್ಲಿ ತಂತಿ ಬಂತು. ಬರ್ಮಾ ಕಡೆ ಒಂದು ರಸ್ತೆಯಲ್ಲಿ ಅವನ ಲಾರಿ ಸಿಕ್ಕಿತ್ತು. ಅವನು ಸಿಕ್ಕಿರಲಿಲ್ಲ. ಕಾಣೆಯಾದವರ ಪಟ್ಟಿಯಲ್ಲಿ ಅವನ ಹೆಸರು ಹಾಗೆಯೇ ಉಳಿಯಿತು.

ಯುದ್ಧ ಮುಗಿದ ಮರುವರ್ಷ ಅಪ್ಪ ಕಾರು ಮಾರಿದರು. ಹೋಳೂರಿನ ತರಕಾರಿ ವ್ಯಾಪಾರಿಯೊಬ್ಬರು ಬಂದು ಟೈರು ಒದ್ದು ನೋಡಿ, ಬಾಗಿಲು ತೆಗೆದು ಹಾಕಿ ಮಾಡಿ, ಕೇಳಿದರು.

"ಟ್ಯಾಂಕು ಎಷ್ಟು ಹಿಡಿಯತ್ತೆ ಸ್ವಾಮಿ? ಎಷ್ಟು ದೂರ ಹೋಗತ್ತೆ?"

ಹತ್ತು ವರ್ಷ ಬಂದವರಿಗೆಲ್ಲ ಅದನ್ನೇ ಹೇಳಿದ ಮನುಷ್ಯ ನೆಲ ನೋಡುತ್ತ ನಿಂತರು. ನಾನು ಎಂಟು ಗ್ಯಾಲನ್ ಎಂದೆ. ಕಡ್ಡಿಯನ್ನು ಅವರ ಕೈಗೆ ಕೊಟ್ಟೆ. ಅವರು ಗೀರುಗಳ ಪಕ್ಕದ ಊರುಗಳನ್ನು ಓದಿ ನಕ್ಕು, "ಚೆನ್ನಾಗಿದೆ ಕಣ್ರೀ ಇದು. ಸರಿಯಾಗಿ ತೋರಿಸತ್ತಾ?" ಎಂದರು.

ಉತ್ತರ ಬಾಗಿಲ ಒಳಗಿನಿಂದ ಬಂತು. ಸಾಯಿಬರು ಅಳೆದ ದಿನ ಅಮ್ಮ ಎಲ್ಲಿ ನಿಂತಿದ್ದಳು ಎಂದು ನಾವಿಬ್ಬರೂ ನೋಡಿರಲಿಲ್ಲ.

"ಸರಿಯಾಗಿ ತೋರಿಸತ್ತಪ್ಪ. ಮೂತಿ ಮೇಲಕ್ಕೆ ಮಾಡಿ ನಿಲ್ಸಿ ಅಳೀಬೇಕು. ನನ್ನ ಮಗ ಗೀರು ಹಾಕಿದ್ದು ಹಾಗೆ ನಿಲ್ಸಿ."

ವ್ಯಾಪಾರಿ ತಲೆಯಾಡಿಸಿ ಕಡ್ಡಿಯನ್ನು ಹಿಂದಿನ ಸೀಟಿನಲ್ಲಿಟ್ಟರು. ಕಾರು ಬೀದಿಯ ಕೆಳಕ್ಕೆ ಉರುಳಿ, ಸ್ಟಾರ್ಟ್ ಆಗಿ, ತಿರುವಿನಲ್ಲಿ ಮರೆಯಾಯಿತು. ಅಪ್ಪ ಇನ್ನೂ ಬಾಗಿಲಿನ ಕಡೆ ತಿರುಗಿರಲಿಲ್ಲ. ಅಮ್ಮ ಹೊರಗೆ ಬಂದು, ಕಾರು ನಿಲ್ಲುತ್ತಿದ್ದ ಜಾಗದಲ್ಲಿ ವರ್ಷಗಳಿಂದ ಬಿದ್ದಿದ್ದ ಎಣ್ಣೆಯ ಕಲೆಯ ಮೇಲೆ ಒಂದು ಬಕೆಟ್ ನೀರು ಹಾಕಿದಳು. ನೀರು ಇಳಿಜಾರಿಗೆ ಹರಿದು ಹೋಯಿತು. ಕಲೆ ಹಾಗೇ ಇತ್ತು. ಅವಳು ಇನ್ನೊಂದು ಬಕೆಟ್ ತರಲು ಒಳಗೆ ಹೋದಳು.