ಅಪ್ಪನ ದನಿ ಇರುವ ಫೈಲು

ಕಣ್ಣು ಪೂರಾ ಹೋದ ಮೇಲೆ ಅವ್ವ ಒಂದೇ ಹಟ ಹಿಡಿದಳು: ಸತ್ತ ಅಪ್ಪನ ದನಿ ಕೇಳಬೇಕು. ನಮ್ಮಲ್ಲಿ ಒಂದೂ ವಿಡಿಯೋ ಇಲ್ಲ, ಫೋನಿನಲ್ಲಿ ರೆಕಾರ್ಡಿಂಗ್ ಇಲ್ಲ. ಆಳಂದ ಕಡೆಯ ನಮ್ಮೂರ ನಾಟಕಗಳಲ್ಲಿ ಪಾತ್ರ ಮಾಡುತ್ತಿದ್ದ ಅಪ್ಪ, ಅಫಜಲಪುರದ ಕರಜಗಿಯಲ್ಲಿ ಯಾರೋ ಸಣ್ಣ ಸಿನಿಮಾ ತೆಗೆದಾಗ ಅದರಲ್ಲಿ ಗೌಡನಾಗಿ ಒಂದು ಮಾತು ಆಡಿದ್ದ. ಅದು ನಮ್ಮ ಕಡೆಯ ಯಾವ ಟಾಕೀಸಿಗೂ ಬರಲಿಲ್ಲ.

ನಾನು ಜೇವರ್ಗಿಯಲ್ಲಿ ಮಾಸ್ತರ. ಆದರೂ ಬಸ್ ಸ್ಟ್ಯಾಂಡಿನ ಮೊಬೈಲ್ ಅಂಗಡಿಗೇ ಓಡಿದೆ. ಸಿನಿಮಾ ಬೇಕೆಂದರೆ ಮೆಮೊರಿ ಕಾರ್ಡ್ ಕೊಟ್ಟು ತುಂಬಿಸಿಕೊಂಡು ಬರುವುದು ನಮ್ಮಲ್ಲಿ ರೂಢಿ, ಅದು ಕಳ್ಳಮಾಲು ಎಂದು ಯಾರಿಗೂ ಅನಿಸುವುದಿಲ್ಲ. ಫೈಲಿನ ಹೆಸರು ಗೂಡ್ಸ್ ಗಾಡಿಯಷ್ಟು ಉದ್ದವಿತ್ತು: ಸಿನಿಮಾದ ಹೆಸರು, ವರ್ಷ, ಏಳುನೂರಾ ಇಪ್ಪತ್ತು ಪಿ, ವೆಬ್ ರಿಪ್, ಕೊನೆಗೆ 'ಹಿನ್'.

"ಏಳುನೂರಾ ಇಪ್ಪತ್ತು ಅಂದ್ರ ಚಿತ್ರ ಸಾಫ್ ಅದರಿ ಸರ್. ವೆಬ್ ರಿಪ್ ಅಂದ್ರ ನೆಟ್ಟಿನಿಂದ ಇಳಿಸಿದ್ದು, ಟಾಕೀಸಿನ್ಯಾಗ ಕದ್ದು ಹಿಡಿದದ್ದಲ್ಲ," ಎಂದ ಅಂಗಡಿಯವ. ಕೊನೆಯದನ್ನು ಅವನು ಹೇಳಲಿಲ್ಲ, ನಾನೂ ಕೇಳಲಿಲ್ಲ.

ಮನೆಗೆ ಬಂದು ಫೋನಿನಲ್ಲಿ ಹಚ್ಚಿದೆ. ರುಮಾಲು ಸುತ್ತಿದ ಅಪ್ಪ ಬಾಯಿ ತೆರೆದ. ಯಾರೋ ಹಿಂದಿಯಲ್ಲಿ ಗದರಿದರು.

"ಇಂವ ಯಾವನಲೇ?" ಅವ್ವ ಬೆಚ್ಚಿದಳು.

'ಹಿನ್' ಅಂದರೆ ಹಿಂದಿ; ಹಿಂದಿಗೆ ಡಬ್ ಮಾಡಿದ ಫೈಲು ಅದು. ನನ್ನ ಮೇಲೇ ನನಗೆ ಸಿಟ್ಟು ಬಂತು. ನೆಟ್ಟಿನಿಂದ ಇಳಿಸಿದ್ದಾದರೆ ಮೂಲ ಎಲ್ಲಾದರೂ ಇರಲೇಬೇಕಲ್ಲ! ಚಂದಾ ಕಟ್ಟುವ ಆ್ಯಪುಗಳನ್ನೆಲ್ಲ ಜಾಲಾಡಿದೆ, ಸಿಗಲಿಲ್ಲ. ಕಡೆಗೆ ನೋಡಿದರೆ ನಿರ್ಮಾಪಕರೇ ನೆಟ್ಟಿನ ತಮ್ಮ ಚಾನೆಲ್ಲಿನಲ್ಲಿ ಪುಕ್ಕಟೆ ಹಾಕಿದ್ದರು, ಅದೂ ಕನ್ನಡದಲ್ಲಿ. ಅಂಗೈಯಲ್ಲಿ ಬೆಣ್ಣೆ ಇಟ್ಟುಕೊಂಡು ತುಪ್ಪಕ್ಕೆ ಅಲೆದಿದ್ದೆ.

ಅವ್ವ ಸೆರಗು ಸರಿಮಾಡಿಕೊಂಡು ಕೂತಳು. ಅಪ್ಪ ಬಾಯಿ ತೆರೆದ. ಬಂದದ್ದು ಮೈಸೂರು ಕಡೆಯ ಕನ್ನಡ, ಯಾವನೋ ಹರೆಯದವನ ದನಿ. ಸಣ್ಣ ಪಾತ್ರದವರಿಗೆಲ್ಲ ಸ್ಟುಡಿಯೋದಲ್ಲಿ ಬೇರೆಯವರಿಂದ ಮಾತಾಡಿಸಿದ್ದರು. ಇನ್ನು ಹುಡುಕಲು ಏನೂ ಉಳಿದಿರಲಿಲ್ಲ. ನಾನು ಅತ್ತುಬಿಟ್ಟೆ.

"ಅಳಬ್ಯಾಡ. ಆವಾಜ ಬಂದ್ ಮಾಡು," ಅಂದಳು ಅವ್ವ. "ಅವರು ಬಾಯಿ ತೆರದ ಕೂಡ್ಲೇ ನನ್ನ ಕೈ ಮುಟ್ಟು. ಆ ಮಾತು ಮನ್ಯಾಗ ಅಂದು ಅಂದು ಕಲತಾರ, ನನಗ ಬಾಯಿಪಾಠ ಆಗ್ಯಾದ."

ಮುಟ್ಟಿದೆ.

"ನಾ ಇರೋತನಕ ಈ ಮನಿಗಿ ಯಾರೂ ಕೈ ಹಚ್ಚಂಗಿಲ್ಲ!" ಅಪ್ಪನ ಹಾಗೆಯೇ ಗಂಟಲು ದಪ್ಪ ಮಾಡಿ ಅಂದಳು. ಆಮೇಲೆ ಮೆಲ್ಲಗೆ ಕೇಳಿದಳು, "ಅವರ ಬಾಯಿಗಿ ಕೂಡ್ತೇನು?"

ತೆರೆಯ ಮೇಲೆ ಅಪ್ಪನ ಬಾಯಿ ಇನ್ನೂ ಆಡುತ್ತಲೇ ಇತ್ತು.

"ಹೂಂನವ್ವಾ, ಕೂಡ್ತು," ಎಂದೆ.