ನೀರು ಕೆಂಪು ಗೆರೆಯಲ್ಲೇ ನಿಂತಿತ್ತು

ನಾನು ಚಿಕ್ಕವನಿದ್ದಾಗ ನಮ್ಮ ಮನೆಯ ನಲ್ಲಿಗೂ ಅಪ್ಪನ ಕಚೇರಿಗೆ ಇದ್ದಂತೆ ಗೊತ್ತಾದ ವೇಳೆಯಿತ್ತು. ಬೆಳಿಗ್ಗೆ ಸ್ವಲ್ಪ ಹೊತ್ತು, ಸಂಜೆ ಸ್ವಲ್ಪ ಹೊತ್ತು ನೀರು ಬರುತ್ತಿತ್ತು. ಬರುವ ಮೊದಲು ನಲ್ಲಿ ಗೊರಗೊರ ಎಂದು ಕೆಮ್ಮುತ್ತಿತ್ತು. ಆ ಸದ್ದು ಕೇಳಿದ ಕೂಡಲೇ ಅಪ್ಪ ಬಕೆಟ್, ಅಮ್ಮ ಕೊಡ, ಅಕ್ಕ ಬಿಂದಿಗೆ, ನಾನು ತಂಬಿಗೆ ಹಿಡಿದು ಸಾಲಾಗಿ ನಿಲ್ಲುತ್ತಿದ್ದೆವು. ಯಾರ ಹಿಂದೆ ಯಾರು ಎಂಬುದು ಅಪ್ಪ ಹಾಕಿಕೊಟ್ಟ ಕ್ರಮ. ಅದು ಒಂದು ದಿನವೂ ತಪ್ಪುತ್ತಿರಲಿಲ್ಲ.

ಎರಡು ಸಾವಿರದ ಇಸವಿ ಕಳೆದು ಕೆಲವು ವರ್ಷಗಳಾಗಿದ್ದವು. ದೆಹಲಿಯ ಆರ್.ಕೆ.ಪುರಂನಲ್ಲಿ ಸರ್ಕಾರಿ ಕ್ವಾರ್ಟರ್ಸ್‌ನ ನೆಲಮಹಡಿಯಲ್ಲಿ ನಾವಿದ್ದೆವು. ಅಪ್ಪ ಮಾಡಿದ ಕ್ರಮ ಮನೆಯ ತುಂಬ ಇತ್ತು. ಚಪ್ಪಲಿಗಳು ಗೋಡೆಗೆ ಮುಖ ಮಾಡಿರಬೇಕು. ಪಾಲಿಶ್ ಡಬ್ಬಿಯ ಮೇಲೆ ಬ್ರಷ್, ಬ್ರಷ್‌ನ ಮೇಲೆ ಬಟ್ಟೆ. ಒಂದು ಕೆಲಸಕ್ಕೆ ಒಂದೇ ವಸ್ತು. ಹೊಸದು ಬಂದ ದಿನವೇ ಹಳೆಯದು ತೊಳೆಸಿಕೊಂಡು ಒರೆಸಿಕೊಂಡು ಅಟ್ಟ ಹತ್ತಬೇಕು. ಬೆಳಿಗ್ಗೆ ಮೂಲೆಯ ನಿಲ್ದಾಣಕ್ಕೆ ಕಚೇರಿಯವರ ಚಾರ್ಟರ್ಡ್ ಬಸ್ಸು ಬರುತ್ತಿತ್ತು. ಮಳೆ ಸುರಿಯಲಿ, ಮಂಜು ಕವಿಯಲಿ, ಅಪ್ಪ ಆ ಬಸ್ಸು ತಪ್ಪಿಸಿಕೊಂಡದ್ದನ್ನು ನಾವು ಕಂಡಿರಲಿಲ್ಲ.

ಮನೆಯ ಹಿಂದೆ ಗೋಡೆ ಕಟ್ಟಿದ ಸಣ್ಣ ಹಿತ್ತಲಿತ್ತು. ಅಲ್ಲೊಂದು ಸೀಬೆ ಗಿಡ, ಒಂದು ತಗಡಿನ ಮಾಡು, ಮಾಡಿನ ಕೆಳಗೆ ಪ್ಯಾಕಿಂಗ್ ಹಲಗೆಯಿಂದ ಅಪ್ಪನೇ ಹೊಡೆದು ಕೂಡಿಸಿದ ಕೋಳಿಗೂಡು. ನಮ್ಮಲ್ಲಿ ನಾಲ್ಕು ಕೋಳಿಗಳಿದ್ದವು. ಆ ಬೇಸಿಗೆಯಲ್ಲಿ ಅವು ಮೂರಾದವು.

ಆದದ್ದು ಹೀಗೆ. ಕೋಳಿಗಳ ನೀರು ಒಂದು ಅಲ್ಯೂಮಿನಿಯಂ ಬೋಗುಣಿಯಲ್ಲಿರುತ್ತಿತ್ತು. ಒಂದು ಮಧ್ಯಾಹ್ನ ಯಾವುದೋ ಕೋಳಿ ಅದರ ಅಂಚಿನ ಮೇಲೆ ಹತ್ತಿತು, ಬೋಗುಣಿ ಮಗುಚಿತು. ಹೊರಗೆ ಲೂ ಬೀಸುತ್ತಿತ್ತು. ಲೂ ಎಂದರೆ ದೆಹಲಿಯ ಬೇಸಿಗೆಯ ಬಿಸಿಗಾಳಿ; ಒಲೆಯ ಬಾಯಿಗೆ ಮುಖ ಕೊಟ್ಟ ಹಾಗಿರುತ್ತದೆ. ಕಿಟಕಿಗಳನ್ನೆಲ್ಲ ಮುಚ್ಚಿ ನಾವು ಕೂಲರ್ ಮುಂದೆ ಮಲಗಿದ್ದೆವು. ಎದ್ದು ಹೋಗಿ ನೋಡಿದಾಗ ಬಿಳಿ ಕೋಳಿ ಗೋಡೆಯ ಬುಡದಲ್ಲಿ ಸತ್ತು ಬಿದ್ದಿತ್ತು. ಅಕ್ಕ ಎರಡು ದಿನ ಸರಿಯಾಗಿ ಊಟ ಮಾಡಲಿಲ್ಲ. ತನ್ನ ಮುದ್ದಿನ ಕೋಳಿ ಕೆಂಪಿಯನ್ನು ಮಾತ್ರ ಮತ್ತೆ ಮತ್ತೆ ಎತ್ತಿಕೊಂಡು ನೋಡುತ್ತಿದ್ದಳು.

ಅಮ್ಮ ಅಪ್ಪನಿಗೆ ಖಡಾಖಂಡಿತವಾಗಿ ಹೇಳಿದಳು: "ನೋಡಿ, ಇನ್ನೊಂದು ಹೀಗೆ ಸತ್ತರೆ ಉಳಿದಿದ್ದನ್ನ ಯಾರಿಗಾದ್ರೂ ಕೊಟ್ಟುಬಿಡಿ. ನನ್ನ ಕೈಲಿ ನೋಡೋಕಾಗಲ್ಲ."

ಮುಂದಿನ ಭಾನುವಾರ ಚಿಕ್ಕಪ್ಪನ ಗೃಹಪ್ರವೇಶ. ಘಾಜಿಯಾಬಾದ್‌ನಲ್ಲಿ ಅವರು ಹೊಸ ಫ್ಲ್ಯಾಟ್ ಕೊಂಡಿದ್ದರು. ನಸುಕಿನಲ್ಲೇ ಹೊರಟರೆ ಮರಳಿ ಬರುವುದು ಸಂಜೆಗೆ. ಅಷ್ಟು ಹೊತ್ತು ಕೋಳಿಗಳಿಗೆ ನೀರು ಹೇಗೆ ಎಂಬುದೇ ಆ ವಾರವೆಲ್ಲ ಮನೆಯ ಮಾತಾಯಿತು.

ಶನಿವಾರ ಅಪ್ಪ ಊಟದ ಮೇಜಿನ ಮೇಲೆ ಮೂರು ವಸ್ತುಗಳನ್ನು ಸಾಲಾಗಿ ಇಟ್ಟು, ಕಚೇರಿಯಲ್ಲಿ ಟೆಂಡರ್ ತೆರೆಯುವವರ ಹಾಗೆ ಕುಳಿತರು. ಮೊದಲನೆಯದು ನಮ್ಮ ಹಳೆಯ ಬೋಗುಣಿ. ಎರಡನೆಯದು ಬಾಯಿಯ ಹತ್ತಿರ ತೂತು ಕೊರೆದ ದೊಡ್ಡ ಉಪ್ಪಿನಕಾಯಿ ಡಬ್ಬಿ. ಅದರಲ್ಲಿ ನೀರು ತುಂಬಿ ತಟ್ಟೆಯ ಮೇಲೆ ಮಗುಚಿಟ್ಟರೆ, ತಟ್ಟೆಯ ನೀರು ಇಳಿದ ಹಾಗೆ ಡಬ್ಬಿಯಿಂದ ಮತ್ತೆ ತುಂಬಿಕೊಳ್ಳುತ್ತದೆ. ಮೂರನೆಯದು ಅಪ್ಪ ಅಂಗಡಿಯಿಂದ ತಂದ, ನೀರಿನ ಮಟ್ಟ ಹೊರಗೆ ಕಾಣುವ ಬಿಳಿಯ ಕ್ಯಾನು. ಅದರ ತಳದಲ್ಲಿ ಸಣ್ಣ ನಳಿಕೆಗಳು, ಒಂದೊಂದು ನಳಿಕೆಯಲ್ಲೂ ಬೆಂಕಿಕಡ್ಡಿಯಷ್ಟು ದಪ್ಪದ ಸ್ಟೀಲ್ ಕಡ್ಡಿ. ಕ್ಯಾನನ್ನು ಮೇಲೆ ತೂಗುಹಾಕಬೇಕು. ಕೋಳಿ ಕತ್ತೆತ್ತಿ ಕಡ್ಡಿಯನ್ನು ಕೊಕ್ಕಿನಿಂದ ಕುಟ್ಟಿದರೆ ಹನಿ ಬೀಳುತ್ತದೆ.

"ಬೋಗುಣಿ ಮಗುಚುತ್ತೆ. ತಟ್ಟೆಗೆ ಮಣ್ಣು ಬೀಳುತ್ತೆ. ಕ್ಯಾನಿನಲ್ಲಿ ಒಂದು ಹನಿ ದಂಡ ಆಗಲ್ಲ, ಒಂದು ಕಸ ಬೀಳಲ್ಲ," ಎಂದರು ಅಪ್ಪ.

"ಬೋಗುಣಿ ಸುತ್ತ ನಾಲ್ಕು ಇಟ್ಟಿಗೆ ಇಟ್ಟರೆ ಸಾಕು. ಕೋಳಿಗೂ ಆಫೀಸಿನ ವಾಟರ್ ಕೂಲರ್ ಬೇಕಾ?" ಎಂದಳು ಅಮ್ಮ.

"ಅಪ್ಪ, ಪಕ್ಕಾ ಕುಡೀತಾವಾ?" ಎಂದು ನಾನು ಕೇಳಿದೆ.

ಅಪ್ಪ ಬೆರಳಿನಿಂದ ಕಡ್ಡಿಯನ್ನು ತಟ್ಟಿದರು. ಹೊಳೆಯುವ ಹನಿಯೊಂದು ಅವರ ಅಂಗೈ ಮೇಲೆ ಬಿತ್ತು. "ನೋಡು. ಬಂತಲ್ಲ?" ಎಂದರು. ಅಲ್ಲಿಗೆ ತೀರ್ಮಾನವಾಯಿತು.

ಸಂಜೆ ಕತ್ತಲಾಗಿ ಕೋಳಿಗಳು ಗೂಡು ಸೇರಿದ ಮೇಲೆ ಅಪ್ಪ ಮಾಡಿನ ಕೆಳಗೆ ಕ್ಯಾನನ್ನು ತೂಗುಹಾಕಿದರು. ಬೋಗುಣಿ ತೊಳೆದು ಒರೆಸಿ ಅಟ್ಟದ ಮೇಲಿಟ್ಟರು. ಬೆಳಗಿನ ನಸುಕಿನಲ್ಲಿ ಕ್ಯಾನು ತುಂಬಿಸಿ, ಅಕ್ಕನ ಉಗುರುಬಣ್ಣದಿಂದ ನೀರಿನ ಮಟ್ಟಕ್ಕೆ ಕೆಂಪು ಗೆರೆ ಎಳೆದರು. ಸಂಜೆ ಎಷ್ಟು ಇಳಿದಿದೆ ಎಂದು ತಿಳಿಯಬೇಕಲ್ಲ! ಗೂಡಿನ ಬಾಗಿಲು ತೆರೆದು, ಹಿತ್ತಲ ಗೇಟಿಗೆ ಬೀಗ ಹಾಕಿ, ಕೀಲಿಗೊಂಚಲನ್ನು ಜೇಬಿಗೆ ಇಳಿಸಿದರು. ನಾವು ಹೊರಟೆವು.

ಚಿಕ್ಕಪ್ಪನ ಮನೆ ಹೊಸ ಸುಣ್ಣದ ವಾಸನೆ ಹೊಡೆಯುತ್ತಿತ್ತು. ಹಾಲು ಉಕ್ಕಿತು, ಹೋಮದ ಹೊಗೆ ಕಣ್ಣಿಗೆ ತುಂಬಿತು. ಕಣ್ಣುಜ್ಜಿಕೊಳ್ಳುತ್ತ ನಾನು ಬಾಲ್ಕನಿಗೆ ಬಂದೆ. ಬಿಸಿಲು ಆಗಲೇ ಬೆಳ್ಳಗೆ ಉರಿಯುತ್ತಿತ್ತು. ಕಬ್ಬಿಣದ ಸರಳು ಮುಟ್ಟಿದರೆ ಚುರ್ ಎನ್ನುತ್ತಿತ್ತು. ಪಕ್ಕದ ಬಾಲ್ಕನಿಯಲ್ಲಿ ಹಕ್ಕಿಗಳಿಗೆಂದು ಯಾರೋ ಮಣ್ಣಿನ ತಟ್ಟೆಯಲ್ಲಿ ನೀರಿಟ್ಟಿದ್ದರು. ಪಾರಿವಾಳವೊಂದು ಬಂದು ಕುಳಿತಿತು. ಕತ್ತು ಬಗ್ಗಿಸಿ ನೀರಿಗೆ ಕೊಕ್ಕು ಇಳಿಸಿತು.

ಕತ್ತು ಬಗ್ಗಿಸಿ.

ನಮ್ಮ ಕೋಳಿಗಳೂ ಹುಟ್ಟಿದಂದಿನಿಂದ ಬಗ್ಗಿಯೇ ನೀರು ಕುಡಿದಿದ್ದವು. ನೀರು ಮೇಲೆ ತೂಗುತ್ತದೆ ಎಂದು ಅವುಗಳಿಗೆ ಯಾರು ಹೇಳಿದ್ದಾರೆ?

ಓಡಿ ಹೋಗಿ ಅಕ್ಕನ ಲಂಗ ಎಳೆದೆ. "ಅಕ್ಕ, ಕ್ಯಾನಿನಿಂದ ಕೋಳಿ ಕುಡಿದದ್ದನ್ನ ನೀನು ನೋಡಿದ್ಯಾ?"

"ಅಪ್ಪ ತೋರಿಸಿದ್ರಲ್ಲೋ, ನೀರು ಬಂತು."

"ಅದು ಅಪ್ಪನ ಬೆರಳು ಕಣೇ. ಕೋಳಿ?"

ಅಕ್ಕ ನನ್ನತ್ತ ತಿರುಗಿದಳು. "ನಾನು ನೋಡಿಲ್ಲ. ನೀನು?"

ನಾನೂ ನೋಡಿರಲಿಲ್ಲ. ಬೋಗುಣಿಯೋ ಅಟ್ಟದ ಮೇಲಿತ್ತು.

ಅಪ್ಪ ಊಟದ ಪಂಕ್ತಿಯಲ್ಲಿ ಹಿರಿಯರ ನಡುವೆ ಕುಳಿತಿದ್ದರು. ದೊಡ್ಡವರು ಊಟಕ್ಕೆ ಕುಳಿತಾಗ ಮಕ್ಕಳು ನಡುವೆ ಹೋಗಿ ಮಾತಾಡಬಾರದು. ಅದೂ ನಮ್ಮ ಮನೆಯ ಕ್ರಮವೇ. ಅಕ್ಕ ಬಾಗಿಲ ಬಳಿ ಒಂದು ಗಳಿಗೆ ನಿಂತಳು. ನಂತರ ಎಲೆಗಳ ನಡುವೆ ನೇರ ನಡೆದು ಹೋಗಿ ಅಪ್ಪನ ಎದುರು ನಿಂತಳು.

"ಅಪ್ಪ, ಕೋಳಿಗಳು ನೀರು ಕುಡಿದಿಲ್ಲ ಅನ್ಸುತ್ತೆ."

"ನೀರಿದೆ ಕಣೇ. ನಾನೇ ತುಂಬಿಸಿದ್ದೀನಿ. ಹೋಗು ಒಳಗೆ."

"ನೀರಿದೆ ಅಪ್ಪ. ಅವು ಕುಡಿದಿದ್ದನ್ನ ನೀವು ನೋಡಿದ್ರಾ?"

ಅಪ್ಪನ ಕೈ ಹೋಳಿಗೆಯ ಮೇಲೆ ನಿಂತುಬಿಟ್ಟಿತು. ಅವರು ಅಕ್ಕನನ್ನು ನೋಡಿದರು, ನನ್ನನ್ನು ನೋಡಿದರು. ಎಲೆಯಲ್ಲಿ ಒಂದು ಅಗುಳೂ ಬಿಡಬಾರದು ಎನ್ನುತ್ತಿದ್ದ ಅಪ್ಪ ಅರ್ಧ ಊಟದಲ್ಲಿ ಎದ್ದರು.

ಚಿಕ್ಕಪ್ಪನ ಮೊಬೈಲಿನಿಂದ ನಮ್ಮ ಕಟ್ಟಡದ ಎರಡನೇ ಮಹಡಿಯ ಆಂಟಿಗೆ ಫೋನ್ ಮಾಡಿದರು. ಆಂಟಿಯ ಹಿಂದಿನ ಬಾಲ್ಕನಿ ನಮ್ಮ ಹಿತ್ತಲಿನ ಮೇಲೆಯೇ ಇತ್ತು. ಬಹಳ ಹೊತ್ತು ಗಂಟೆ ಹೊಡೆದ ಮೇಲೆ ಅವರು ಎತ್ತಿಕೊಂಡರು. ಬಾಲ್ಕನಿಗೆ ಹೋಗಿ ನೋಡಿ ಬಂದು ಕೂಗಿದ್ದು ನಮಗೂ ಕೇಳಿಸಿತು.

"ಭಾಯಿಸಾಬ್, ತೀನೋಂ ಮುಹ್ ಖೋಲ್‌ಕರ್ ಬೈಠೀ ಹೈಂ!"

ಮೂರೂ ಬಾಯಿ ತೆರೆದು ಕುಳಿತಿವೆ ಎಂದು ಅದರ ಅರ್ಥ. ಬಿಳಿ ಕೋಳಿಯೂ ಸಾಯುವ ಮೊದಲು ಹಾಗೆಯೇ ಬಾಯಿ ತೆರೆದು ಕುಳಿತಿರಬೇಕು. ಅಕ್ಕ ನನ್ನ ಕೈ ಹಿಡಿದಳು.

ಗೇಟಿಗೆ ಬೀಗ, ಕೀಲಿ ತಮ್ಮ ಜೇಬಿನಲ್ಲಿ ಎಂದು ಅಪ್ಪ ಹಿಂದಿಯಲ್ಲಿ ತಡವರಿಸುತ್ತ ಹೇಳಿದರು.

"ಅಚ್ಛಾ, ತೋ ಮೇರಿ ಟೋಕರಿ ಕಿಸ್ ದಿನ್ ಕಾಮ್ ಆಯೇಗಿ?" ಎಂದವರೇ ಆಂಟಿ ಫೋನ್ ಇಟ್ಟರು.

ಟೋಕರಿ ಎಂದರೆ ಅವರ ತರಕಾರಿ ಬುಟ್ಟಿ; ಅದು ಇನ್ಯಾವ ದಿನಕ್ಕೆ ಎಂದು ಅವರು ಕೇಳಿದ್ದು. ಕೆಳಗೆ ತರಕಾರಿ ಗಾಡಿಯ ಭಯ್ಯಾ ಕೂಗಿದಾಗ ಮೇಲಿನ ಮನೆಗಳವರು ಹಗ್ಗ ಕಟ್ಟಿದ ಬುಟ್ಟಿಯನ್ನು ಇಳಿಬಿಡುತ್ತಿದ್ದರು. ಭಯ್ಯಾ ಅದರಲ್ಲಿ ಬೆಂಡೆಕಾಯಿ, ಟೊಮ್ಯಾಟೊ ಹಾಕುತ್ತಿದ್ದ. ಆದರೆ ಬುಟ್ಟಿಯಲ್ಲಿ ನೀರು ನಿಲ್ಲುವುದು ಹೇಗೆ? ಅಪ್ಪ ಮತ್ತೆ ಫೋನ್ ಮಾಡಿದರು. ಯಾರೂ ಎತ್ತಲಿಲ್ಲ. ಮತ್ತೊಮ್ಮೆ ಮಾಡಿದರು. ಎತ್ತಲಿಲ್ಲ.

"ಅಣ್ಣ, ಊಟ ಮುಗಿಸಿ ಹೋಗು, ಕೋಳಿಗೋಸ್ಕರ..." ಎಂದು ಚಿಕ್ಕಪ್ಪ ನಕ್ಕರು. ಅಪ್ಪ ನಗಲಿಲ್ಲ. ಅಮ್ಮನನ್ನು ಅಲ್ಲೇ ಬಿಟ್ಟು ನಾವು ಮೂವರು ಹೊರಟೆವು.

ಆ ದಾರಿ ನನಗೆ ಇಂದಿಗೂ ನೆನಪಿದೆ. ಬಸ್ಸಿನ ಸೀಟು ತೊಡೆಗೆ ಅಂಟಿಕೊಳ್ಳುತ್ತಿತ್ತು. ಕಿಟಕಿಯಿಂದ ಬಿಸಿಗಾಳಿಯ ಜೊತೆ ದೂಳು ನುಗ್ಗುತ್ತಿತ್ತು. ಯಮುನೆಯ ಸೇತುವೆಯ ಮೇಲೆ ವಾಹನಗಳು ಒಂದರ ಹಿಂದೊಂದು ನಿಂತುಬಿಟ್ಟವು. ಅಪ್ಪ ಎದ್ದು ನಿಂತು ಮುಂದೆ ನೋಡುತ್ತಿದ್ದರು, ಕೂರುತ್ತಿದ್ದರು, ಮತ್ತೆ ಎದ್ದು ನಿಲ್ಲುತ್ತಿದ್ದರು. ಅಕ್ಕನ ಬಳಿ ನೀರಿನ ಬಾಟಲಿಯಿತ್ತು. ಅಪ್ಪ ಅದನ್ನು ಅವಳ ಮುಂದೆ ಹಿಡಿದರೂ ಅವಳು ಕುಡಿಯಲಿಲ್ಲ. ನನಗೆ ಗಂಟಲು ಒಣಗಿತ್ತು. ಅವಳು ಕುಡಿಯದೆ ಕೇಳಲು ನನಗೂ ಮನಸ್ಸು ಬರಲಿಲ್ಲ. ಬಸ್ಸಿಳಿದು ಆಟೋ ಹಿಡಿದಾಗ ಅಪ್ಪ ಹೇಳಿದ್ದು ಒಂದೇ ಮಾತು: "ಭಯ್ಯಾ, ಜಲ್ದಿ."

ಹಿತ್ತಲ ಗೇಟಿಗೆ ಬಂದ ಕೂಡಲೇ ಅಪ್ಪ ಕೀಲಿಗೊಂಚಲು ತೆಗೆದರು. ಬೀಗಕ್ಕೆ ಮೊದಲು ತಪ್ಪು ಕೀಲಿ ಹಾಕಿದರು. ಅಪ್ಪ ತಪ್ಪು ಕೀಲಿ ಹಾಕಿದ್ದು ನಾನು ಕಂಡ ಹಾಗೆ ಅದೇ ಮೊದಲು.

ಸೀಬೆ ಗಿಡದ ನೆರಳಿನಲ್ಲಿ ಬುಟ್ಟಿಯೊಂದು ಕುಳಿತಿತ್ತು. ಅದರ ಹಗ್ಗ ಮೇಲಕ್ಕೆ ಹೋಗಿ ಆಂಟಿಯ ಕೈಯಲ್ಲಿತ್ತು. ಅವರು ಸೆರಗನ್ನು ತಲೆಗೆ ಹೊದ್ದು ಆ ಉರಿಬಿಸಿಲಿನಲ್ಲಿ ಬಾಲ್ಕನಿಯಲ್ಲೇ ನಿಂತಿದ್ದರು. ಬುಟ್ಟಿಯೊಳಗೆ ಹಿಟ್ಟು ನಾದುವ ಅಗಲವಾದ ಪರಾತ, ಪರಾತದಲ್ಲಿ ಮಡಕೆಯ ನೀರು. ಇಳಿಸುವಾಗ ಅರ್ಧ ಚೆಲ್ಲಿ ಗೋಡೆ ಒದ್ದೆಯಾಗಿತ್ತು. ಎರಡು ಕೋಳಿಗಳು ಬುಟ್ಟಿಯ ಅಂಚಿನಲ್ಲಿ ನಿಂತು ಕೊಕ್ಕು ಅದ್ದುತ್ತಿದ್ದವು.

ಎರಡೇ.

"ಕೆಂಪಿ!" ಎಂದು ಅಕ್ಕ ಕೂಗಿದಳು.

ಕೆಂಪಿ ಮಾಡಿನ ಕೆಳಗೆ, ಮೊದಲು ಬೋಗುಣಿ ಇರುತ್ತಿದ್ದ ಜಾಗದಲ್ಲಿ, ರೆಕ್ಕೆ ಚೆಲ್ಲಿ ಮಲಗಿತ್ತು. ಅಲ್ಲಿನ ಮಣ್ಣನ್ನು ಕೆದಕಿ ಕೆದಕಿ ಗುಂಡಿ ಮಾಡಿತ್ತು. ಅದರ ತಲೆಯ ಮೇಲೆಯೇ ತುಂಬಿದ ಕ್ಯಾನು ತೂಗುತ್ತಿತ್ತು. ನೀರು ಕೆಂಪು ಗೆರೆಯಲ್ಲೇ ನಿಂತಿತ್ತು. ಕೂದಲೆಳೆಯಷ್ಟೂ ಇಳಿದಿರಲಿಲ್ಲ.

ಅಕ್ಕ ಕೆಂಪಿಯನ್ನು ಮಡಿಲಿಗೆ ತೆಗೆದುಕೊಂಡಳು. ಅಪ್ಪ ಪರಾತದ ನೀರನ್ನು ಅಂಗೈಯಲ್ಲಿ ತಂದು ಅದರ ಕೊಕ್ಕಿಗೆ ಹಿಡಿದರು. ಕೆಂಪಿ ಕಣ್ಣು ತೆರೆಯಲಿಲ್ಲ. ನೀರು ಬೆರಳುಗಳ ಸಂದಿಯಿಂದ ಸೋರಿಹೋಯಿತು. ಅಪ್ಪ ಮತ್ತೆ ತಂದರು. ನಾನು ಒದ್ದೆ ಬಟ್ಟೆಯಿಂದ ಅದರ ಕಾಲುಗಳನ್ನು ಸವರುತ್ತಿದ್ದೆ. ಮೇಲಿನಿಂದ ಆಂಟಿ, "ಪೀ ಲೇ ಬೇಟಾ, ಪೀ ಲೇ," ಕುಡಿ ಮಗು, ಕುಡಿ, ಎನ್ನುತ್ತಲೇ ಇದ್ದರು. ಅಪ್ಪ ಎಷ್ಟು ಸಲ ಎದ್ದು ಕುಳಿತರೋ ನಾನು ಎಣಿಸಲಿಲ್ಲ. ಕೊನೆಗೊಮ್ಮೆ ಕೊಕ್ಕು ಅಲುಗಿತು. ಕೆಂಪಿ ಅಪ್ಪನ ಅಂಗೈಗೆ ಕೊಕ್ಕು ಅದ್ದಿ, ನಿಧಾನವಾಗಿ ಕತ್ತು ಮೇಲೆತ್ತಿತು. ಗಂಟಲಲ್ಲಿ ನೀರು ಇಳಿಯುವುದು ನಮಗೆ ಕಾಣಿಸಿತು.

ಅಕ್ಕ ಆಗ ಅಳಲು ಶುರುಮಾಡಿದಳು. ಅಪ್ಪ ಒಳಗೆ ಹೋಗಿ, ಅಟ್ಟದಿಂದ ಬೋಗುಣಿ ಇಳಿಸಿ ತಂದು, ಅದರ ಸುತ್ತ ನಾಲ್ಕು ಇಟ್ಟಿಗೆ ಜೋಡಿಸಿದರು.

ಸಂಜೆ ಅಮ್ಮ ಬಂದು ಎಲ್ಲ ಕೇಳಿದಳು. ಕೋಳಿಗಳನ್ನು ಕೊಟ್ಟುಬಿಡುವ ಮಾತು ಎತ್ತಲಿಲ್ಲ. ಇಟ್ಟಿಗೆಗಳನ್ನು ನೋಡಿ, "ಇದನ್ನು ಯಾವ ಟೆಂಡರಿನಲ್ಲಿ ಪಾಸ್ ಮಾಡಿದ್ರಿ?" ಎಂದು ಮಾತ್ರ ಕೇಳಿದಳು.

ಕೊನೆಗೆ ನಮ್ಮ ಹಿತ್ತಲಿನಲ್ಲಿ ಉಳಿದದ್ದು ಮಗುಚಿಟ್ಟ ಉಪ್ಪಿನಕಾಯಿ ಡಬ್ಬಿ. ಅದರ ತಟ್ಟೆಯಲ್ಲಿ ಕೋಳಿಗಳು ಎಂದಿನಂತೆ ಬಗ್ಗಿ ಕುಡಿಯಬಹುದಿತ್ತು. ಅವು ಅದಕ್ಕೆ ಹೊಂದಿಕೊಳ್ಳುವವರೆಗೆ ಪಕ್ಕದಲ್ಲೇ ಬೋಗುಣಿಯೂ ಇತ್ತು. ಒಂದು ಕೆಲಸಕ್ಕೆ ಎರಡು ವಸ್ತುಗಳು ನಮ್ಮ ಮನೆಯಲ್ಲಿ ಅಕ್ಕಪಕ್ಕ ಇದ್ದದ್ದು ಅದೊಂದೇ ಸಲ. ಡಬ್ಬಿ ಇಟ್ಟ ಮರುದಿನ ಅಪ್ಪ ಶೂ ಹಾಕಿಕೊಂಡು, ಟಿಫಿನ್ ಡಬ್ಬಿ ಹಿಡಿದು ಹಿತ್ತಲಿನಲ್ಲಿ ನಿಂತರು. ಎರಡು ಕೋಳಿಗಳು ತಟ್ಟೆಯಿಂದ ಕುಡಿದವು. ಕೆಂಪಿ ಸುತ್ತ ಸುಳಿಯಿತು, ಮಣ್ಣು ಕೆದಕಿತು, ಕತ್ತು ಓರೆ ಮಾಡಿ ತಟ್ಟೆಯನ್ನು ನೋಡಿತು. ಮೂಲೆಯಲ್ಲಿ ಚಾರ್ಟರ್ಡ್ ಬಸ್ಸು ಹಾರ್ನ್ ಹೊಡೆಯಿತು.

"ರೀ, ಬಸ್ಸು!" ಎಂದು ಅಮ್ಮ ಕೂಗಿದಳು.

"ಹೋಗಲಿ," ಎಂದರು ಅಪ್ಪ. ಬಸ್ಸು ಹೋಯಿತು.

ಮಕ್ಕಳೇ, ಅದೆಲ್ಲ ಆಗಿ ಅರ್ಧ ಶತಮಾನ ಕಳೆದಿದೆ. ನಿಮ್ಮ ಮನೆಯ ನಲ್ಲಿ ಕೆಮ್ಮುವುದಿಲ್ಲ, ತಿರುಗಿಸಿದಾಗಲೆಲ್ಲ ನೀರು ಬರುತ್ತದೆ. ಬುಟ್ಟಿ ಇಳಿಬಿಡುವ ಬಾಲ್ಕನಿಗಳೂ ನಿಮ್ಮ ಬೀದಿಯಲ್ಲಿಲ್ಲ. ನಿಮ್ಮ ಕೋಳಿಗಳಿಗೆ ಹೋದ ವಾರ ಹೊಸ ತೊಟ್ಟಿ ಬಂದಿದೆ. ಅದು ತಾನೇ ತುಂಬಿಕೊಳ್ಳುತ್ತದೆ, ತುಂಬಿದೆ ಎಂದು ನಿಮ್ಮ ಫೋನಿಗೆ ಸುದ್ದಿಯನ್ನೂ ಕಳಿಸುತ್ತದೆ. ಒಳ್ಳೆಯದೇ. ಆದರೂ ಪಕ್ಕದಲ್ಲಿರುವ ಹಳೆಯ ಬೋಗುಣಿಯನ್ನು ಇನ್ನೂ ಕೆಲವು ದಿನ ತೆಗೆಯಬೇಡಿ. ಬೆಳಿಗ್ಗೆ ಈ ಅಜ್ಜ ಚಹಾ ಆರಿಹೋದರೂ ಹಿತ್ತಲಿನಲ್ಲಿ ಯಾಕೆ ನಿಂತಿರುತ್ತಾರೆ ಎಂದು ಕೇಳಿದ್ದಿರಿ. ನಾಳೆ ನೀವೂ ಬಂದು ನನ್ನ ಪಕ್ಕ ನಿಲ್ಲಿ. ಮಾತಾಡಬಾರದು, ಅಲುಗಾಡಬಾರದು. ನಿಮ್ಮ ಆ ಚಿಕ್ಕ ಕರಿ ಕೋಳಿ ಹೊಸ ತೊಟ್ಟಿಗೆ ಕೊಕ್ಕು ಅದ್ದಿ ಕತ್ತೆತ್ತಿದ್ದನ್ನು ನಾನಿನ್ನೂ ನೋಡಿಲ್ಲ.