ಪಕ್ಕಕ್ಕೆ ಸರಿಸುವ ಬೊಟಿರ್

ನಮ್ಮ ಕೋಕಂದ್‌ನಲ್ಲಿ ಮನೆತನದ ಅಂಗಡಿ ನಡೆಸುವವರಿಗೆಲ್ಲ ಬೊಟಿರ್ ಗೊತ್ತು. ಹೊಸದಾಗಿ ಸಾಕ್ಷ್ಯಚಿತ್ರ ತೆಗೆಯಲು ಹೊರಟ ಒಳ್ಳೆಯ ಹುಡುಗ. ಕ್ಯಾಮೆರಾ ಇಟ್ಟಕೂಡಲೇ ತಾತ, ಅಪ್ಪ, ಮಗನನ್ನು ಸಾಲಾಗಿ ನಿಲ್ಲಿಸಿ, ಕೈಗೆ ಚಹಾದ ಬಟ್ಟಲು ಕೊಟ್ಟು, "ಪರಂಪರೆ!" ಎಂದು ಕಣ್ಣು ಒದ್ದೆ ಮಾಡಿಕೊಳ್ಳುತ್ತಾನೆ. ಆ ಪರಂಪರೆಗೆ ಹಿಟ್ಟು ನಾದುವ ಹೆಂಗಸು ಅಡ್ಡ ಬಂದರೆ ಮಾತ್ರ, "ಸ್ವಲ್ಪ ಪಕ್ಕಕ್ಕೆ ಸರಿಯಮ್ಮ" ಅನ್ನುತ್ತಾನೆ. ರೊಟ್ಟಿ ಸುಡುವವರ ಮನೆಯಲ್ಲೂ ಸೊಸೆ ಮುಹಯ್ಯೊಳನ್ನು ಹಾಗೇ ಸರಿಸಿದ. ರೊಟ್ಟಿಯ ನಡುವೆ ಒತ್ತಿದ ಹೂವಿನ ಅಚ್ಚನ್ನು ಹತ್ತಿರದಿಂದ ತೋರಿಸಿ, ಈ ಮನೆತನದ ಏಳು ತಲೆಮಾರಿನ ಗುರುತು ಎಂದ. ಬೀದಿಯವರಿಗೆಲ್ಲ ಚಿತ್ರ ತೋರಿಸಿದ ದಿನ ಆಕೆ ಎದ್ದು ನಿಂತಳು: "ಅದು ಇವರ ತಾತಂದಲ್ಲ ಅಣ್ಣ, ನಮ್ಮಮ್ಮನ ಮನೆ ಅಚ್ಚು. ಮದುವೇಲಿ ನಾನೇ ತಂದಿದ್ದು." ತಾತ ತಲೆ ತಗ್ಗಿಸಿ ಹೌದೆಂದ. ಮರುದಿನ ಬೆಳಗ್ಗೆ ಬೊಟಿರ್ ಕ್ಯಾಮೆರಾ ಹೊತ್ತು ಆಕೆಯ ತಂದೂರಿಗೇ ಅಡ್ಡ ನಿಂತಿದ್ದ. "ಸ್ವಲ್ಪ ಪಕ್ಕಕ್ಕೆ ಸರಿಯಣ್ಣ," ಎಂದಳು, "ರೊಟ್ಟಿ ಸೀದೋಗುತ್ತೆ."